ಲೂಯಿಸ್ ಸರ್ ಬೆರೆಸಿದ ನೀಲಿ

ಹೋದ ವಾರ ಇಂಡಸ್ಟ್ರಿಯಲ್ ಏರಿಯಾದ ಆ ಹಳೇ ಪ್ರೆಸ್ಸಿಗೆ ಹೋಗಿದ್ದೆ. ಐದು ವರ್ಷದ ಮೇಲೆ. ಈಗ ನಾನಿರುವುದು ಒಂದು ಔಷಧಿ ಕಂಪನಿಯಲ್ಲಿ. ನಮ್ಮ ಮಾತ್ರೆಯ ಡಬ್ಬಿಗಳು ಅಲ್ಲಿ ಅಚ್ಚಾಗುತ್ತವೆ, ಬಣ್ಣ ನೋಡಿ ಒಪ್ಪಿಗೆಯ ಸಹಿ ಹಾಕಿ ಬರಬೇಕಿತ್ತು. ಇಂಕ್ ರೂಮಿನ ಬಾಗಿಲು ತಳ್ಳಿದ್ದೇ ತಡ, ಅಗಸೆ ಎಣ್ಣೆ, ಸೀಮೆಎಣ್ಣೆ, ಒದ್ದೆ ಚಿಂದಿ ಬಟ್ಟೆ ಮೂರೂ ಕಲೆತ ಆ ವಾಸನೆ ಮೂಗಿಗೆ ಬಡಿಯಿತು. ಹೊಸ್ತಿಲಲ್ಲೇ ಸ್ವಲ್ಪ ಹೊತ್ತು ನಿಂತುಬಿಟ್ಟೆ.

ಈಗ ಅಲ್ಲಿ ಬಣ್ಣ ಬೆರೆಸುವಾಕೆ ಅಚಿಯೆಂಗ್. ನಾನು ಬಿಟ್ಟ ಮೇಲೆ ಸೇರಿದವಳು, ನನ್ನ ಗುರುತಿಲ್ಲ. ಬಣ್ಣ ನೋಡುವ ಮೇಜು ದಕ್ಷಿಣದ ಕಿಟಕಿಯ ಕೆಳಗೇ ಇತ್ತು. ನವೆಂಬರ್ ತಿಂಗಳ ಬಿಸಿಲು ನೇರ ಮೇಜಿನ ಮೇಲೆ ಬೀಳಬಾರದೆಂದು ಕಿಟಕಿಗೆ ಅಡ್ಡ ಒಂದು ರಟ್ಟು ಕಟ್ಟಿದ್ದರು. ರಟ್ಟು ಕಟ್ಟುವ ಬದಲು ಮೇಜನ್ನೇ ಎದುರು ಗೋಡೆಯ ಕಿಟಕಿಗೆ ಸರಿಸಬಹುದಲ್ಲ ಎಂದು ಕೇಳಿದೆ. ಅವಳು ಹೊಸಬರಿಗೆ ಹೇಳುವಷ್ಟು ತಾಳ್ಮೆಯಿಂದ ಹೇಳಿದಳು: ನೈರೋಬಿಯಲ್ಲಿ ಬಣ್ಣವನ್ನು ದಕ್ಷಿಣದ ಬೆಳಕಿನಲ್ಲೇ ನೋಡಬೇಕಂತೆ, ಇಲ್ಲಿಯ ನಿಯಮ ಅದು, ಹಿಂದೆ ಯಾರೋ ಇಂಡಿಯಾದ ಮೇಡಂ ಕಂಡುಹಿಡಿದದ್ದಂತೆ.

ಆ ಮೇಡಂ ನಾನೇ. ನಾನು ಕಂಡುಹಿಡಿದದ್ದು ಏನೂ ಇಲ್ಲ. ಹೇಳಿದ್ದು ಒಂದು ಸುಳ್ಳು, ಅದು ಈಗ ನಿಯಮವಾಗಿ ಕೂತಿದೆ.

ಆ ಸುಳ್ಳು ಹೇಳಿದ ವರ್ಷ ನಾನು ಅದೇ ಪ್ರೆಸ್ಸಿನಲ್ಲಿ ಕ್ವಾಲಿಟಿ ನೋಡಿಕೊಳ್ಳುತ್ತಿದ್ದೆ. ಮೈಸೂರಿನಲ್ಲಿ ಪ್ರಿಂಟಿಂಗ್ ಡಿಪ್ಲೊಮಾ ಮಾಡಿ, ಗಂಡನ ಕೆಲಸದ ಹಿಂದೆ ಇಲ್ಲಿಗೆ ಬಂದು, ಕಿಲೆಲೆಶ್ವಾದ ಫ್ಲ್ಯಾಟಿನಲ್ಲಿ ಆರು ತಿಂಗಳು ಗೋಡೆ ನೋಡಿ ಬೇಸತ್ತು ಸೇರಿದ ಕೆಲಸ. ನನ್ನ ಬಾಯಿಗೆ ಇಡೀ ಪ್ರೆಸ್ಸು ಹೆದರುತ್ತಿತ್ತು. ಕೆಂಪು ಒಂದು ಕೂದಲೆಳೆ ಹೆಚ್ಚಾದರೂ ಸಾವಿರ ಡಬ್ಬಿ ವಾಪಸ್ ಕಳಿಸಿದವಳು ನಾನು. ಆದರೆ ಇಂಕ್ ರೂಮಿನೊಳಗೆ ಹೋದರೆ ನಾನು ಶಿಷ್ಯೆ. ಅಲ್ಲಿದ್ದವರು ಲೂಯಿಸ್ ಸರ್.

ಮಂಗಳೂರು ಕಡೆಯ ಕೊಂಕಣಿ ಕ್ರೈಸ್ತರು. ಕೈಯಲ್ಲಿ ಅಚ್ಚಿನ ಮೊಳೆ ಜೋಡಿಸುವ ಕಾಲದಲ್ಲಿ ಬಂದು ನಲವತ್ತು ವರ್ಷ ನೈರೋಬಿಯಲ್ಲೇ ಕಳೆದವರು. ಪ್ರೆಸ್ಸಿನವರೆಲ್ಲ ಅವರನ್ನು ‘ಮ್ಜೇ’ ಅನ್ನುತ್ತಿದ್ದರು, ಇಲ್ಲಿ ಹಿರಿಯರನ್ನು ಕರೆಯುವ ಮಾತು ಅದು. ಹೆಂಡತಿ ತೀರಿಕೊಂಡ ಮೇಲೆ ಪಾರ್ಕ್‌ಲ್ಯಾಂಡ್ಸಿನ ಫ್ಲ್ಯಾಟಿನಲ್ಲಿ ಒಬ್ಬರೇ. ನಿವೃತ್ತಿಯ ವಯಸ್ಸು ದಾಟಿತ್ತು, ವರ್ಷ ವರ್ಷ ಡಿಸೆಂಬರಿನಲ್ಲಿ ಡೈರೆಕ್ಟರು ಇನ್ನೊಂದು ವರ್ಷಕ್ಕೆ ಮುಂದುವರಿಸುತ್ತಿದ್ದರು. ಬಣ್ಣ ಅಳೆಯುವ ಯಂತ್ರ ಬಂದು ಎಷ್ಟೋ ಕಾಲವಾಗಿತ್ತು, ಅದು ನನ್ನ ಡ್ರಾಯರಿನಲ್ಲೇ ಇರುತ್ತಿತ್ತು. ಅವರು ಕಲ್ಲಿನ ಹಲಗೆಯ ಮೇಲೆ ಚೂರಿಯಿಂದ ಇಂಕು ಬೆರೆಸಿ, ಬೆರಳ ತುದಿಯಿಂದ ಕಾಗದದ ಮೇಲೆ ತಟ್ಟಿ, ಉತ್ತರದ ಕಿಟಕಿಗೆ ಹಿಡಿದು ನೋಡಿ ಸರಿ ಅಂದರೆ ಅದು ಸರಿ. ಯಂತ್ರ ಇಟ್ಟು ನೋಡಿದರೂ ಸರಿಯೇ ಇರುತ್ತಿತ್ತು. ಆಫೀಸಿನವರ ಎದುರು ಅವರಿಗೆ ನಾನು ‘ಮೇಡಂ, ನೀವು.’ ಇಂಕ್ ರೂಮಿನೊಳಗೆ ‘ಮಾರಾಯ್ತಿ, ನೀನು.’ ಆ ಮಾರಾಯ್ತಿ ಕೇಳಿಸಿಕೊಳ್ಳುವುದಕ್ಕೆ ನಾನು ದಿನಕ್ಕೆರಡು ಸಲ ಸುಮ್ಮನೆ ಒಳಗೆ ಹೋಗಿ ಬರುತ್ತಿದ್ದೆ, ಸುಳ್ಳು ಯಾಕೆ ಹೇಳಲಿ.

ಸೆಪ್ಟೆಂಬರ್ ಕೊನೆಗೆ ವಂಜಿರು ಬಂದಳು. ಚಹಾ ರಫ್ತು ಮಾಡುವ ಕಂಪನಿಯೊಂದಕ್ಕೆ ಕ್ಯಾಲೆಂಡರ್ ಮಾಡಿಕೊಡುತ್ತಿದ್ದ ಡಿಸೈನರ್, ಅವಳ ಮೊದಲ ದೊಡ್ಡ ಕೆಲಸ. ಆ ಕಂಪನಿಯ ಚಹಾ ಜಪಾನಿಗೂ ಹೋಗುತ್ತಿತ್ತು, ಯುರೋಪಿಗೂ ಹೋಗುತ್ತಿತ್ತು. ಇಬ್ಬರಿಗೂ ಒಪ್ಪುವಂಥದ್ದು ಬೇಕೆಂದು ಅವಳು ಒಂದು ಯೋಚನೆ ಮಾಡಿದ್ದಳು. ತಿಂಗಳಿಗೊಂದು ಪುಟ. ಮೇಲೆ ಜಪಾನಿನವರು ಮರದ ಹಲಗೆ ಕೊರೆದು ಅಚ್ಚೊತ್ತಿದ ಹಳೆಯ ಚಿತ್ರ, ಕೆಳಗೆ ಅಂಥದ್ದನ್ನು ನೋಡಿ ಯುರೋಪಿನವನು ಬರೆದ ಚಿತ್ರ. ಒಂದು ಇಡೀ ಮಧ್ಯಾಹ್ನ ಇಂಕ್ ರೂಮಿನ ಸ್ಟೂಲಿನ ಮೇಲೆ ಕೂತು ಒಂದೊಂದೇ ಪುಟ ತಿರುವುತ್ತ ನಮಗೆ ವಿವರಿಸಿದಳು. ಜಪಾನಿನ ಚಿತ್ರದಲ್ಲಿ ನೆರಳೇ ಇಲ್ಲ ನೋಡಿ, ಅಂದಳು. ಮುಖಕ್ಕೂ ಇಲ್ಲ, ಮರಕ್ಕೂ ಇಲ್ಲ. ಗೆರೆ, ಗೆರೆಯೊಳಗೆ ಒಂದೇ ಹದದ ಬಣ್ಣ. ಎದುರಿಗೇ ಒಂದು ಮರದ ಕಾಂಡವನ್ನು ಅರ್ಧಕ್ಕೆ ಕತ್ತರಿಸಿ ನಿಲ್ಲಿಸಿ, ಊರನ್ನೆಲ್ಲ ಅದರ ಸಂದಿಯಲ್ಲಿ ತೋರಿಸುತ್ತಾರೆ. ನೆರಳು ಬೆಳಕು ಬರೆದೇ ವಸ್ತುವನ್ನು ಉಬ್ಬಿಸಬೇಕೆಂದು ನೂರಾರು ವರ್ಷ ಕಲಿತಿದ್ದ ಯುರೋಪಿನ ಚಿತ್ರಕಾರರಿಗೆ, ಹಡಗಿನಲ್ಲಿ ಬಂದ ಈ ಅಗ್ಗದ ಹಾಳೆಗಳನ್ನು ನೋಡಿ ಹೀಗೂ ಬರೆಯಬಹುದಾ ಅನ್ನಿಸಿತಂತೆ. ಆಮೇಲೆ ಅವರು ಬರೆಯುವ ರೀತಿಯೇ ಬದಲಾಯಿತು.

ಏಪ್ರಿಲ್ ಪುಟದಲ್ಲಿ ಸೇತುವೆಯ ಮೇಲೆ ಧೋ ಎಂದು ಮಳೆ, ಜನ ತಲೆ ತಗ್ಗಿಸಿಕೊಂಡು ಓಡುತ್ತಿದ್ದಾರೆ. ಮಳೆ ಅಂದರೆ ಬರೀ ಗೆರೆಗಳು, ಕೂದಲಿನಷ್ಟು ಸಣ್ಣವು. ಕೆಳಗೆ ಅದನ್ನೇ ಎಣ್ಣೆಬಣ್ಣದಲ್ಲಿ ನಕಲು ಮಾಡಿದ ಯುರೋಪಿನವನ ಚಿತ್ರ. ಸುತ್ತ ಅಂಚಿನಲ್ಲಿ ಜಪಾನಿ ಅಕ್ಷರಗಳನ್ನೂ ಬರೆದಿದ್ದಾನೆ, ಅವನಿಗೆ ಅದನ್ನು ಓದಲು ಬರುತ್ತಿರಲಿಲ್ಲ. ಲೂಯಿಸ್ ಸರ್ ಅದನ್ನು ಕೇಳಿ ನಕ್ಕರು. ತಾವು ಬಂದ ಹೊಸದರಲ್ಲಿ ಒಂದಕ್ಷರ ಅರ್ಥವಾಗದೆ ಇಡೀ ಸ್ವಾಹಿಲಿ ಪುಸ್ತಕಕ್ಕೆ ಮೊಳೆ ಜೋಡಿಸಿದ್ದನ್ನು ಹೇಳಿದರು. ಆಮೇಲೆ ಗಂಭೀರವಾಗಿ ಒಂದು ಪ್ರಶ್ನೆ ಕೇಳಿದರು. ಚಿತ್ರ ಬರೆದವನ ಹೆಸರು ಮೂಲೆಯಲ್ಲಿ ಉಂಟು. ಮರ ಕೊರೆದವ ಯಾರು, ಬಣ್ಣ ಹಾಕಿ ಅಚ್ಚೊತ್ತಿದವ ಯಾರು? ಹೆಚ್ಚಿನವುಗಳಲ್ಲಿ ಅವರ ಹೆಸರಿಲ್ಲ ಎಂದಳು ವಂಜಿರು. ಅವರು ತಲೆಯಾಡಿಸಿ ಚೂರಿ ಒರೆಸಿಕೊಂಡರು.

ಆ ಆಕಾಶಗಳ ಗಾಢ ನೀಲಿ ನಾಲ್ಕು ಬಣ್ಣದ ಅಚ್ಚಿನಲ್ಲಿ ಬರುವುದಿಲ್ಲ, ಐದನೆಯ ಇಂಕನ್ನು ಬೇರೆಯಾಗಿ ಬೆರೆಸಬೇಕು. ಅದು ಅವರ ಕೆಲಸ. ಆ ನೀಲಿ ಜಪಾನಿನದೇ ಅಲ್ಲ ಎಂದೂ ವಂಜಿರು ಹೇಳಿದಳು. ಜರ್ಮನಿಯಲ್ಲಿ ಹುಟ್ಟಿದ ಬಣ್ಣ ಅದು, ಹಡಗು ಹತ್ತಿ ಜಪಾನಿಗೆ ಹೋಗಿ, ಅಲ್ಲಿಯ ಅಚ್ಚಿನವರ ಕೈಯಲ್ಲಿ ಆಕಾಶವಾಗಿ ತಿರುಗಿ ಯುರೋಪಿಗೇ ಬಂತು. ನಮ್ಮ ಕಾಫಿ ಬೀಜ ಅಲ್ಲಿಗೆ ಹೋಗಿ ಡಬ್ಬಿಯಾಗಿ ಬರುವ ಹಾಗೆ, ಅಂದಳು. ಹೊರಡುವಾಗ ಅವಳಿಗೇನು ತೋಚಿತೋ, ಕೊನೆಯ ಪುಟದ ಅಡಿಯಲ್ಲಿ ‘ನೀಲಿ ಬೆರೆಸಿದವರು: ಲೂಯಿಸ್’ ಎಂದು ಒಂದು ಸಾಲು ಸೇರಿಸುತ್ತೇನೆ ಎಂದಳು. ನಲವತ್ತು ವರ್ಷ ಊರಿಗೆಲ್ಲ ಹೆಸರು ಅಚ್ಚುಹಾಕಿಕೊಟ್ಟ ಮನುಷ್ಯ. ತಮ್ಮ ಹೆಸರು ಅಚ್ಚಾಗುತ್ತದೆ ಎಂದದ್ದಕ್ಕೆ ಇಂಕಿನ ಡಬ್ಬಿಯ ಮುಚ್ಚಳ ತೆಗೆದು, ಮತ್ತೆ ಹಾಕಿ, ಮತ್ತೆ ತೆಗೆದರು.

ಅಕ್ಟೋಬರ್ ಬಂತು, ಸಣ್ಣ ಮಳೆಗಾಲ ಶುರುವಾಯಿತು. ಮಳೆ ಇದ್ದ ದಿನ ಸ್ವಲ್ಪ ಸುತ್ತಾದರೂ ಪಾರ್ಕ್‌ಲ್ಯಾಂಡ್ಸಿಗೆ ಹೋಗಿ ಅವರನ್ನು ಕಾರಿನಲ್ಲಿ ಕರೆದುಕೊಂಡು ಬರುತ್ತಿದ್ದೆ, ಮಟಾಟು ವ್ಯಾನಿಗೆ ಕಾದು ನೆನೆಯುವುದು ಬೇಡ ಎಂದು. ರಸ್ತೆಯುದ್ದ ಜಕರಂಡ ಬಿಟ್ಟಿತ್ತು. ವಿಂಡ್‌ಸ್ಕ್ರೀನಿಗೆಲ್ಲ ಒದ್ದೆ ಹೂ ಅಂಟಿಕೊಂಡು ವೈಪರು ಒದ್ದಾಡುತ್ತಿತ್ತು. ಅವರು ಹೊರಗೆ ನೋಡುತ್ತ, “ಈ ಸಲ ಜಕರಂಡಕ್ಕೆ ಬಣ್ಣವೇ ಇಲ್ಲ ಅಲ್ವಾ ಮಾರಾಯ್ತಿ” ಅಂದರು. ಅಷ್ಟು ದಟ್ಟ ನೇರಳೆ ನಾನು ಬಂದ ಮೇಲೆ ಯಾವ ವರ್ಷವೂ ನೋಡಿರಲಿಲ್ಲ. ಹೌದು ಸರ್, ಮಳೆ ತಡವಾಯಿತಲ್ಲ, ಎಂದೆ. ಮೊದಲನೆಯ ಸುಳ್ಳು ಅದು, ಎಷ್ಟು ಸಲೀಸಾಗಿ ಬಂತು.

ಅದೇ ವಾರ ಪುಟಗಳ ಅಡಿಬರಹವನ್ನು ಒಮ್ಮೆ ಓದಿ ಹೇಳು ಎಂದರು, ಅಕ್ಷರ ತೀರಾ ಸಣ್ಣದಂತೆ. ಜನವರಿಯಿಂದ ಓದುತ್ತ ಬಂದೆ. ಅಕ್ಟೋಬರಿನಲ್ಲಿ ಒಬ್ಬ ಫ್ರೆಂಚ್ ಮುದುಕನ ಕೊಳದ ಚಿತ್ರ. ಊಟದ ಕೋಣೆಯ ಗೋಡೆ ತುಂಬ ಜಪಾನಿ ಅಚ್ಚುಗಳನ್ನು ತೂಗುಹಾಕಿಕೊಂಡವನು, ತೋಟದಲ್ಲಿ ಕೊಳ ತೋಡಿಸಿ ಅದಕ್ಕೆ ಜಪಾನಿನಂಥದೇ ಸೇತುವೆ ಕಟ್ಟಿಸಿದವನು. ಅದರ ಮುಂದಿನ ವಾಕ್ಯ ಹೀಗಿತ್ತು: ಕೊನೆಗಾಲದಲ್ಲಿ ಕಣ್ಣಿಗೆ ಪೊರೆ ಬಂದು ನೀಲಿ ಯಾವುದು, ನೇರಳೆ ಯಾವುದು ತಿಳಿಯದೆ, ಟ್ಯೂಬಿನ ಮೇಲಿನ ಹೆಸರು ಓದಿ ಬಣ್ಣ ಹಚ್ಚುತ್ತಿದ್ದ. ನನ್ನ ಕಣ್ಣು ಅದರ ಮೇಲೆ ನಿಂತಿತು, ಬಾಯಿ ಹಾರಿಸಿತು. ನವೆಂಬರಿಗೆ ಪುಟ ತಿರುವಿದೆ. “ಇಷ್ಟೇಯಾ?” ಅಂದರು ಅವರು. ಇಷ್ಟೇ ಸರ್, ಎಂದೆ.

ನೀಲಿ ಬೆರೆಸಲು ಅವರಿಗೆ ಎರಡು ದಿನ ಹಿಡಿಯಿತು. ಮೂರನೆಯ ದಿನ ಮೆಷಿನ್ನಿನಿಂದ ಹನ್ನೆರಡೂ ಪುಟ ಒಟ್ಟಿಗಿದ್ದ ಮೊದಲ ದೊಡ್ಡ ಹಾಳೆ ಬಂತು. ನಮ್ಮಲ್ಲಿ ಒಂದು ಕ್ರಮ: ಸರಿಯಿದೆ ಅನ್ನಿಸಿದ ಮೊದಲ ಹಾಳೆಯ ಅಂಚಿನಲ್ಲಿ ಬಣ್ಣ ಬೆರೆಸಿದವರು ಸಹಿ ಹಾಕಬೇಕು, ಆಮೇಲೆ ಕ್ವಾಲಿಟಿಯವರು. ಎರಡು ಸಹಿ ಬಿದ್ದ ಮೇಲೆ ಮೆಷಿನ್ ಓಡುತ್ತದೆ. ಅವರು ಹಾಳೆಯನ್ನು ಉತ್ತರದ ಕಿಟಕಿಗೆ ಹಿಡಿದು ತುಂಬ ಹೊತ್ತು ನೋಡಿ, ಸಹಿ ಹಾಕಿ, ನನ್ನ ಕೈಗೆ ಕೊಟ್ಟರು. ಆಕಾಶ ನೀಲಿಯಾಗಿರಲಿಲ್ಲ. ಹನ್ನೆರಡು ತಿಂಗಳ ಹನ್ನೆರಡು ಆಕಾಶವೂ ನೇರಳೆಗೆ ತಿರುಗಿತ್ತು. ನನ್ನ ಸೀಟಿಗೆ ಹೋಗಿ ಡ್ರಾಯರಿನಿಂದ ಯಂತ್ರ ತೆಗೆದು ಇಟ್ಟು ನೋಡಿದೆ. ಅದೂ ಅದನ್ನೇ ಹೇಳಿತು.

ವಾಪಸ್ ಹೋಗಿ ಒಂದು ಮಾತು ಹೇಳಿದ್ದರೆ ಆಗುತ್ತಿತ್ತು. ಬೇರೆ ಯಾರಾದರೂ ಆಗಿದ್ದರೆ ಹಾಳೆಯನ್ನು ಮುಖಕ್ಕೆ ಹಿಡಿಯುತ್ತಿದ್ದೆ. ನನಗೆ ಕಂಡದ್ದು ಆ ಮುಚ್ಚಳ ತೆಗೆದು ಹಾಕಿದ ಕೈ, ಕೊನೆಯ ಪುಟದ ಆ ಸಾಲು, ಎದುರಿಗಿದ್ದ ಡಿಸೆಂಬರ್. ನನ್ನ ಅಪ್ಪನ ವಯಸ್ಸಿನವರಿಗೆ ನಿಮ್ಮ ಕಣ್ಣು ಹೋಗಿದೆ ಅಂತ ಹೇಗೆ ಹೇಳಲಿ ಎಂದುಕೊಂಡೆ. ಹಿರಿಯರಿಗೆ ಎದುರಾಡಬಾರದು ಎಂದು ಕಲಿಸಿದವರ ಮೇಲೆ ಭಾರ ಹಾಕಿ ಬಾಯಿಗೆ ಬೀಗ ಹಾಕಿಕೊಂಡೆ, ಸಹಿ ಮಾಡಿದೆ. ಸಂಜೆಯ ಹೊತ್ತಿಗೆ ಅಷ್ಟೂ ಹಾಳೆ ಅಚ್ಚಾಗಿತ್ತು.

ನವೆಂಬರ್ ಮೊದಲ ವಾರ ವಂಜಿರು ಬಂದಳು. ಅಚ್ಚಾದ ಪುಟವನ್ನು ತನ್ನ ನಮೂನೆಯ ಪಕ್ಕ ಇಟ್ಟಳು, ಕೂಗಾಡಲಿಲ್ಲ. ಜಪಾನಿನವರಿಗೆ ಇದನ್ನು ಕಳಿಸಿದರೆ ತಮ್ಮ ಆಕಾಶ ಇದಲ್ಲ ಅಂತ ಅವರಿಗೆ ಒಂದೇ ನೋಟಕ್ಕೆ ಗೊತ್ತಾಗುತ್ತದೆ, ನನಗೆ ಇನ್ನೊಂದು ಕೆಲಸ ಯಾರೂ ಕೊಡುವುದಿಲ್ಲ, ಎಂದಷ್ಟೇ ಹೇಳಿದಳು. ಡೈರೆಕ್ಟರು ನಮ್ಮೆಲ್ಲರನ್ನೂ ಇಂಕ್ ರೂಮಿನಲ್ಲಿ ನಿಲ್ಲಿಸಿ ಇದು ಹೇಗಾಯಿತು ಎಂದರು. ಲೂಯಿಸ್ ಸರ್ ಎರಡು ಹಾಳೆಯನ್ನೂ ಒಂದೊಂದು ಕೈಯಲ್ಲಿ ಹಿಡಿದು ಒಮ್ಮೆ ಇದನ್ನು, ಒಮ್ಮೆ ಅದನ್ನು ನೋಡುತ್ತಿದ್ದರು. ಅವರಿಗೆ ವ್ಯತ್ಯಾಸ ಕಾಣುತ್ತಿಲ್ಲ ಎಂದು ನನಗೊಬ್ಬಳಿಗೇ ಗೊತ್ತಿತ್ತು.

ಆಗ ನನ್ನ ಬಾಯಿಯ ಬೀಗ ಬಿಚ್ಚಿಕೊಂಡಿತು, ಬಿಚ್ಚಿಕೊಳ್ಳಬಾರದ ಹೊತ್ತಿನಲ್ಲಿ. ತಪ್ಪು ಕಿಟಕಿಯದು ಎಂದೆ. ಬಣ್ಣವನ್ನು ಉತ್ತರದ ಬೆಳಕಿನಲ್ಲಿ ನೋಡಬೇಕೆಂಬುದು ಯುರೋಪಿನವರ ನಿಯಮ, ಅಲ್ಲಿ ಸೂರ್ಯ ಯಾವಾಗಲೂ ದಕ್ಷಿಣಕ್ಕಿರುತ್ತಾನೆ. ನಮ್ಮ ಊರಿನಲ್ಲೂ ಪುಸ್ತಕದಲ್ಲಿ ಹಾಗೇ ಓದಿ ಹಾಗೇ ಮಾಡುತ್ತೇವೆ. ನೈರೋಬಿ ಭೂಮಧ್ಯರೇಖೆಯ ಕೆಳಗಿದೆ, ಇಲ್ಲಿ ಸೂರ್ಯ ಉತ್ತರಕ್ಕೆ, ಆ ಬಿಸಿಲು ಬಿದ್ದು ನೀಲಿ ಮೋಸ ಮಾಡಿದೆ. ಮೇಜು ಅಲ್ಲೇ ಇರಲಿ ಎಂದವಳು ನಾನು, ಮ್ಜೇಯ ತಪ್ಪಲ್ಲ. ಇಷ್ಟನ್ನು ಡಿಪ್ಲೊಮಾದ ಗತ್ತಿನಲ್ಲಿ ಒಂದೇ ಉಸಿರಿಗೆ ಹೇಳಿದೆ. ಡೈರೆಕ್ಟರು ನಂಬಿದರು, ಅಥವಾ ನಂಬಿದರೆ ಎಲ್ಲರಿಗೂ ಸಲೀಸು ಎಂದುಕೊಂಡರು. ಅವತ್ತೇ ಮೇಜು ದಕ್ಷಿಣದ ಕಿಟಕಿಗೆ ಹೋಯಿತು.

ಮಾರನೆಯ ಬೆಳಿಗ್ಗೆ ಹನ್ನೊಂದಕ್ಕೆ ನಾನು ಒಳಗೆ ಹೋದಾಗ ದಕ್ಷಿಣದ ಕಿಟಕಿಯಿಂದ ಬಿಸಿಲು ನೇರ ಕಲ್ಲಿನ ಹಲಗೆಯ ಮೇಲೆ ಬಿದ್ದಿತ್ತು. ಲೂಯಿಸ್ ಸರ್ ಸ್ಟೂಲು ಹತ್ತಿ ಅದಕ್ಕೆ ಅಡ್ಡ ರಟ್ಟು ಕಟ್ಟುತ್ತಿದ್ದರು. ಇಲ್ಲಿ ಅರ್ಧ ವರ್ಷ ಸೂರ್ಯ ಉತ್ತರಕ್ಕೆ, ಅರ್ಧ ವರ್ಷ ದಕ್ಷಿಣಕ್ಕೆ. ಅಕ್ಟೋಬರಿನಲ್ಲಿ ಉತ್ತರದ ಕಿಟಕಿಗೆ ಒಂದು ತುಣುಕು ಬಿಸಿಲೂ ಬರುವುದಿಲ್ಲ, ಬಣ್ಣ ನೋಡಲು ಅದಕ್ಕಿಂತ ಒಳ್ಳೆಯ ಜಾಗವೇ ಇಲ್ಲ. ನಲವತ್ತು ವರ್ಷ ಆ ಎರಡು ಕಿಟಕಿಗಳ ನಡುವೆ ನಿಂತವರಿಗೆ ಇದು ಗೊತ್ತಿರಲಿಲ್ಲವೇ? ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ನಾನೇ, ಇವತ್ತು ಬಿಸಿಲು ಜೋರು, ಎಂದೆ. “ನವೆಂಬರ್ ಅಲ್ವಾ” ಅಂದರು, ದಾರದ ಗಂಟು ಬಿಗಿಯುತ್ತ.

ಹೊಸ ನೀಲಿಯನ್ನು ನಾನೇ ಒಂದು ಭಾನುವಾರ ಯಾರೂ ಇಲ್ಲದಾಗ ಯಂತ್ರ ಇಟ್ಟುಕೊಂಡು ಬೆರೆಸಿದೆ. ಸೋಮವಾರ ಅವರಿಗೆ, ನಿಮ್ಮ ಅಳತೆಯೇ ಸರ್, ಬೆಳಕು ಮಾತ್ರ ಸರಿ ಮಾಡಿಕೊಂಡೆ, ಎಂದೆ. ಕ್ಯಾಲೆಂಡರ್ ಎರಡನೆಯ ಸಲ ಅಚ್ಚಾಯಿತು. ಆಕಾಶ ಆಕಾಶದಂತೆ ಬಂತು. ವಂಜಿರು ಕೈಹಿಡಿದು ಅಸಾಂಟೆ, ಥ್ಯಾಂಕ್ಸ್, ಎಂದು ಹೇಳಿ ಹೋದಳು. ಕೊನೆಯ ಪುಟದಲ್ಲಿ ಅವರ ಹೆಸರು ಹಾಗೇ ಇತ್ತು. ಎಲ್ಲರನ್ನೂ ಉಳಿಸಿದೆ ಎಂದು ಆ ರಾತ್ರಿ ಗಂಡನ ಮುಂದೆ ಕೊಚ್ಚಿಕೊಂಡೆ. ಅವನು ಅನ್ನ ಕಲಸುತ್ತ, ಅವರ ಕಣ್ಣು ಯಾರಿಗಾದರೂ ತೋರಿಸಿದರಾ ಎಂದು ಕೇಳಿದ. ಅದು ನನಗೆ ಹೊಳೆದೇ ಇರಲಿಲ್ಲ. ಇವತ್ತಿಗೂ ಅದನ್ನು ನೆನೆದರೆ ನಾಚಿಕೆಯಾಗುತ್ತದೆ.

ಲೂಯಿಸ್ ಸರ್ ಕಣ್ಣು ತೋರಿಸಲು ತಾವೇ ಹೋದರು. ನವೆಂಬರ್ ಕೊನೆಯ ಭಾನುವಾರ ಇಗರ್ಜಿಯಲ್ಲಿ ಪಾದ್ರಿಗಳು ಆಗಮನ ಕಾಲದ ನೇರಳೆ ಉಡುಪಿನಲ್ಲಿ ಬಂದರಂತೆ. ಕ್ರಿಸ್ಮಸ್ಸಿಗೆ ಮುಂಚಿನ ನಾಲ್ಕು ವಾರ ಅವರಲ್ಲಿ ನೇರಳೆಯೇ, ಹುಟ್ಟಿದಾಗಿನಿಂದ ನೋಡಿದ್ದು. ಇವರ ಕಣ್ಣಿಗೆ ಅದು ನೀಲಿಯಾಗಿ ಕಂಡಿತು. ಪಕ್ಕದಲ್ಲಿದ್ದವರನ್ನು ಕೇಳಿದರಂತೆ, ಫಾದರ್ ಇವತ್ತು ನೀಲಿ ಯಾಕೆ ಹಾಕಿದ್ದಾರೆ ಎಂದು. ಅವರು ಇವರ ಮುಖ ನೋಡಿದರಂತೆ. ಮರುದಿನವೇ ಪಾರ್ಕ್‌ಲ್ಯಾಂಡ್ಸಿನ ದೊಡ್ಡ ಆಸ್ಪತ್ರೆಗೆ ಒಬ್ಬರೇ ನಡೆದುಕೊಂಡು ಹೋಗಿ ಎರಡೂ ಕಣ್ಣಿನ ಪೊರೆ ತೆಗೆಸಲು ಹೆಸರು ಬರೆಸಿದರು. ಡೈರೆಕ್ಟರಿಗೆ ಚೀಟಿ ಕಳಿಸಿದರು, ಮುಂದಿನ ವರ್ಷಕ್ಕೆ ನನ್ನನ್ನು ಇಟ್ಟುಕೊಳ್ಳಬೇಡಿ ಎಂದು. ಇದೆಲ್ಲ ನನಗೆ ಪ್ರೆಸ್ಸಿನವರ ಬಾಯಿಂದ ಗೊತ್ತಾಯಿತು.

ಜನವರಿಯಲ್ಲಿ, ಅವರ ಪೊರೆ ತೆಗೆದಾದ ಮೇಲೆ, ಫ್ಲ್ಯಾಟಿಗೆ ಹೋದೆ. ಚಕ್ಕುಲಿ, ಕೋಡುಬಳೆ ಮಾಡಿಕೊಂಡು ಹೋಗಿದ್ದೆ, ಅಷ್ಟು ಧೈರ್ಯ ಬೇಕಿತ್ತು. ಬಾಗಿಲು ತೆರೆದವರ ಮುಖದಲ್ಲಿ ಯಾವಾಗಲೂ ಇರುತ್ತಿದ್ದ ಕನ್ನಡಕ ಇರಲಿಲ್ಲ. “ಬನ್ನಿ ಮೇಡಂ, ಕೂತ್ಕೊಳ್ಳಿ” ಅಂದರು. ಅವರ ಸ್ವಂತ ಮನೆಯಲ್ಲಿ, ಇಬ್ಬರೇ ಇದ್ದಾಗ, ಮೇಡಂ. ಅಲ್ಲೇ ನನಗೆ ಅರ್ಧ ತಿಳಿಯಿತು.

ಕಾಫಿ ಕೊಟ್ಟರು. ಮೇಜಿನ ಮೇಲೆ ಕ್ಯಾಲೆಂಡರ್ ಇತ್ತು. ಅಕ್ಟೋಬರ್ ಪುಟ ತೆಗೆದು, ಬೆರಳಿಟ್ಟು, ಆ ಫ್ರೆಂಚ್ ಮುದುಕನ ಅಡಿಬರಹವನ್ನು ಮೊದಲಿನಿಂದ ಕೊನೆಯವರೆಗೆ ನಿಧಾನವಾಗಿ ಓದಿದರು. ಪೊರೆಯ ವಾಕ್ಯವನ್ನೂ ಓದಿದರು. ಓದಿ ಮುಗಿಸಿ ನನ್ನನ್ನು ನೋಡಲಿಲ್ಲ. ಕೊನೆಯ ಪುಟ ತಿರುವಿದರು. ಅವರ ಹೆಸರಿನ ಸಾಲನ್ನು ಪೆನ್ನಿನಿಂದ ಹೊಡೆದು ಹಾಕಿದ್ದರು. ಆ ನೀಲಿ ನಾನು ಬೆರೆಸಿದ್ದಲ್ಲ, ಅಂದರು. ಆಮೇಲೆ ಎದ್ದುಹೋಗಿ ಸುತ್ತಿಟ್ಟ ಒಂದು ದೊಡ್ಡ ಹಾಳೆ ತಂದು ಬಿಡಿಸಿ, ನಾಲ್ಕು ಮೂಲೆಗೂ ಕಾಫಿ ಲೋಟ, ತಟ್ಟೆ ಇಟ್ಟರು. ಮೊದಲ ಸಲದ ಹಾಳೆ, ಆ ನೇರಳೆ ಆಕಾಶದ್ದು. ಯಾವಾಗ ಎತ್ತಿಟ್ಟುಕೊಂಡಿದ್ದರೋ. ಅಂಚಿನಲ್ಲಿ ನಮ್ಮಿಬ್ಬರ ಸಹಿ ಪಕ್ಕಪಕ್ಕದಲ್ಲಿ ಇತ್ತು.

“ಎರಡು ಸಹಿ ಉಂಟು ಇದರಲ್ಲಿ” ಅಂದರು. “ಒಂದು ಕುರುಡನದ್ದು. ಇನ್ನೊಂದು ಯಾರದ್ದು ಮೇಡಂ?”

ನಾನು ಅತ್ತೆ. ಸರ್, ನಿಮ್ಮ ಮರ್ಯಾದೆ, ಎಂದೇನೋ ತೊದಲಿದೆ. ಅವರು ಸಿಟ್ಟಾಗಲಿಲ್ಲ. ಬಹಳ ದಣಿದವರ ಹಾಗೆ ಹೇಳಿದರು: “ನಂಗೆ ಕಾಣದ್ದು ನಿಂಗೆ ಕಾಣ್ತದೆ ಅಂತ ಅಲ್ವಾ ಎರಡನೇ ಸಹಿ ಇರೋದು? ಹೇಳಿದ್ರೆ ನಂಗೆ ಬೇಜಾರಾಗ್ತಿತ್ತು, ಹೌದು. ಒಂದು ವಾರ. ನೀನು ಕಿಟಕಿಯ ಕತೆ ಹೇಳಿದಾಗ್ಲೇ ನಂಗೆ ಗೊತ್ತಾಯ್ತು. ಮತ್ತೆ ಇಪ್ಪತ್ತು ದಿನ ನಿನ್ನ ಮುಖ ನೋಡಿದೆ, ಈಗ ಹೇಳ್ತಾಳೆ, ಈಗ ಹೇಳ್ತಾಳೆ ಅಂತ.”

ಆ ನಾಲ್ಕು ಮಾತಿನಲ್ಲಿ ನೀನು ಅಂದರು. ಅದೇ ಕೊನೆ. ಆಮೇಲೂ ನಾನು ಹೋಗುತ್ತಿದ್ದೆ, ಅವರು ಕಾಫಿ ಕೊಡುತ್ತಿದ್ದರು, ಜಕರಂಡದ ಬಣ್ಣದ ಬಗ್ಗೆ, ಮಳೆಯ ಬಗ್ಗೆ ಮಾತಾಡುತ್ತಿದ್ದರು, ಬನ್ನಿ ಮೇಡಂ, ಹೋಗಿ ಬನ್ನಿ ಮೇಡಂ. ಮಾರಾಯ್ತಿ ಎಂಬ ಮಾತು ಮತ್ತೆ ಬರಲಿಲ್ಲ. ಎರಡು ವರ್ಷದ ಮೇಲೆ ಏಪ್ರಿಲ್ ಮಳೆಯಲ್ಲಿ ತೀರಿಕೊಂಡರು. ಮಣ್ಣಿಗೆ ಹೋಗಿದ್ದೆ. ಪೆಟ್ಟಿಗೆಯ ಮೇಲೆ ಹೊದಿಸಿದ ಬಟ್ಟೆ ನೇರಳೆಯದಾಗಿತ್ತು.

ಹೋದ ವಾರ ಅಚಿಯೆಂಗ್ ಹಾಳೆಯನ್ನು ರಟ್ಟಿನ ಸಂದಿಯ ಬೆಳಕಿಗೆ ಹಿಡಿದು ನೋಡಿ, ತನ್ನ ಸಹಿ ಹಾಕಿ, ನನಗೆ ಪೆನ್ನು ಕೊಟ್ಟಳು. ಡಬ್ಬಿಯ ಮೇಲಿನ ನೀಲಿ ಪಟ್ಟಿ ಸ್ವಲ್ಪವೇ ಸ್ವಲ್ಪ ಹಸಿರಿಗೆ ಎಳೆದಿತ್ತು. ಹೊರಗೆ ಲಾರಿ ನಿಂತಿತ್ತು, ಶುಕ್ರವಾರ, ಅವಳಿಗೂ ಮನೆಗೆ ಹೋಗುವ ಆತುರ. ನಾನು ಹಾಳೆಯನ್ನು ಉತ್ತರದ ಕಿಟಕಿಗೆ ತೆಗೆದುಕೊಂಡು ಹೋಗಿ ಅವಳನ್ನೂ ಕರೆದು ತೋರಿಸಿದೆ. ನೋಡಿದಳು, ಅವಳ ಮುಖ ಸಣ್ಣದಾಯಿತು. ಸರಿಯಿಲ್ಲ, ಇನ್ನೊಂದು ಸಲ ಬೆರೆಸು, ಎಂದೆ. ಆಮೇಲೆ ಮೇಜಿನ ಒಂದು ತುದಿ ಹಿಡಿದು, ಇನ್ನೊಂದು ತುದಿ ಹಿಡಿದುಕೋ, ಆ ಕಡೆ ಸಾಗಿಸೋಣ ಎಂದೆ.

ಹಾಗಾದರೆ ಆ ಮೇಡಂ ಮಾಡಿದ ನಿಯಮ ಏನಾಯಿತು ಎಂದು ಕೇಳಿದಳು.

ಕಿಟಕಿಯದ್ದು ಏನೂ ತಪ್ಪಿರಲಿಲ್ಲ, ಕಣ್ಣಿದ್ದವಳು ಬಾಯಿ ಬಿಡಲಿಲ್ಲ, ಅಷ್ಟೇ, ಎಂದು ಹೇಳಿ ಮೇಜು ಎತ್ತಿದೆ.